ನಾಯಿ ತುಳಸಿಗೂ ಕಳೆನಾಶಕ ಬೇಕಾ?

ಮಾನ್ಯ ಸಂಪಾದಕರೇ,

ಮಳೆ ಬಿದ್ದ ಮೇಲೆ ನಮ್ಮ ಮಧುಗಿರಿ ಕಡೆ ರಸ್ತೆ ಬದಿ, ಹೊಲದ ಬದುಗಳಲ್ಲಿ ನಾಯಿ ತುಳಸಿ ತಾನಾಗೇ ಹುಟ್ಟುತ್ತದೆ. ಅದಕ್ಕೂ ಕಳೆನಾಶಕ ಹೊಡೆಯುವುದು ಈಗ ಜಾಸ್ತಿಯಾಗಿದೆ. ಸುಮ್ನೆ ಯಾಕೆ? ಮೊಣಕಾಲೆತ್ತರದ ಗಿಡ, ಕಾಂಡದ ಮೇಲೆ ಬಿಳಿ ರೋಮ, ತೆನೆ ತುಂಬಾ ಸಣ್ಣ ಬಿಳಿ ಹೂ, ಒಂದು ಎಲೆ ಹೊಸಕಿದರೆ ಸಾಕು, ಘಾಟು ಬೆರಳಲ್ಲೇ ಉಳಿಯುತ್ತದೆ. ನೆಗಡಿ, ಕೆಮ್ಮಿಗೆ ಇದರ ಎಲೆ ಜೊತೆ ಮೆಣಸು, ಶುಂಠಿ, ಬೆಲ್ಲ ಹಾಕಿ ಕಷಾಯ ಕಾಯಿಸುತ್ತಿದ್ದರು, ತುರಿಕೆಗೆ ಅರೆದು ಹಚ್ಚುತ್ತಿದ್ದರು, ಸೊಳ್ಳೆ ಕಾಟಕ್ಕೆ ಸಂಜೆ ಕೊಟ್ಟಿಗೆಯಲ್ಲಿ ಒಣಗಿದ ಗಿಡದ ಹೊಗೆ ಹಾಕುತ್ತಿದ್ದರು. ಬೀಜ ನೆನೆಸಿದರೆ, ನಾವು ಅಂಗಡಿಯಲ್ಲಿ ದುಡ್ಡು ಕೊಟ್ಟು ತರುವ ಕಾಮಕಸ್ತೂರಿ ಬೀಜದ ಹಾಗೆಯೇ ಲೋಳೆಯಾಗಿ ಉಬ್ಬುತ್ತದೆ. ಎರಡೂ ತುಳಸಿ ಕುಲದ ಗಿಡಗಳೇ ಅಲ್ವಾ!

ಹಾಗಂತ ಎಲ್ಲ ಕಾಯಿಲೆಗೂ ಇದೇ ಮದ್ದು ಎಂದು ಮೊಬೈಲಲ್ಲಿ ಬರುವುದನ್ನು ನಂಬಬೇಡಿ, ಡೆಂಗಿ ಜ್ವರಕ್ಕೆ ಆಸ್ಪತ್ರೆಗೇ ಹೋಗಬೇಕು. ಕಳೆನಾಶಕ ಹೊಡೆದ ಜಾಗದ ಎಲೆಯನ್ನಂತೂ ಕೀಳಲೇಬೇಡಿ.

ಪಂಚಾಯಿತಿಯವರಿಗೆ ರಸ್ತೆ ಬದಿ ಸ್ವಚ್ಛ ಮಾಡಲೇಬೇಕಿದ್ದರೆ ಕುಡುಗೋಲಲ್ಲಿ ಕೊಯ್ಯಿಸಲಿ. ಅದೂ ಬೀಜ ಉದುರಿದ ಮೇಲೆ.

– ಒಬ್ಬ ಓದುಗ, ಮಧುಗಿರಿ, ತುಮಕೂರು ಜಿಲ್ಲೆ