ಗುಂಡ್ಯದ ಆ ಹಿರಿಯರಿಗೆ ಧನ್ಯವಾದಗಳು

ಕಳೆದ ವಾರ ಅಮ್ಮನನ್ನು ಕರೆದುಕೊಂಡು ಸಕಲೇಶಪುರದಿಂದ ಮಂಗಳೂರಿನತ್ತ ಶಿರಾಡಿ ಘಾಟಿ ಇಳಿಯುತ್ತಿದ್ದಾಗ, ಮುಂದಿನ ಎಡ ಚಕ್ರದಿಂದ ಕಟಕಟ ಸದ್ದು ಹೊರಟು ಸ್ಟೇರಿಂಗ್ ನಡುಗತೊಡಗಿತು. ಹೇಗೋ ನಿಧಾನವಾಗಿ ಗುಂಡ್ಯ ತಲುಪಿ ಪಂಕ್ಚರ್ ಅಂಗಡಿಯೊಂದರ ಮುಂದೆ ನಿಲ್ಲಿಸಿದೆ. ಅಲ್ಲಿದ್ದ ಹಿರಿಯರು ಚಕ್ರ ನೋಡುವುದಕ್ಕೂ ಮೊದಲು ತಮ್ಮ ಸ್ಟೂಲನ್ನು ನೆರಳಿಗೆಳೆದು ಅಮ್ಮನನ್ನು ಕೂರಿಸಿದರು.

ನಾಲ್ಕು ನಟ್ಟುಗಳಲ್ಲಿ ಎರಡು ಬೆರಳಿಗೇ ತಿರುಗುವಷ್ಟು ಸಡಿಲವಾಗಿದ್ದವು. ಬ್ರೇಕ್ ಕೆಲಸಕ್ಕೆಂದು ಎರಡು ದಿನದ ಹಿಂದೆ ಚಕ್ರ ಬಿಚ್ಚಿದ್ದವರು ಆತುರದಲ್ಲಿ ಬಿಗಿದಿರಬೇಕು. ನಾನೂ ಆಮೇಲೆ ಮುಟ್ಟಿ ನೋಡಿರಲಿಲ್ಲವೆನ್ನಿ.

ಅವರು ಚಕ್ರ ಬಿಚ್ಚಿ, ಚಕ್ರ ಕೂರುವ ಹಬ್ಬಿನ ಮುಖದ ತುಕ್ಕನ್ನು ತಂತಿ ಬ್ರಷ್ಷಿನಿಂದ ಉಜ್ಜಿ, ಬೋಲ್ಟಿನ ಥ್ರೆಡ್ಡುಗಳನ್ನು ಒಣಬಟ್ಟೆಯಿಂದ ಒರೆಸಿ, ನಟ್ಟುಗಳ ಇಳಿಜಾರು ಬದಿ ರಿಮ್ಮಿನತ್ತ ಬರುವಂತೆ ಮೊದಲು ಕೈಯಿಂದಲೇ ತಿರುಗಿಸಿದರು. ಎಣ್ಣೆ ಹಚ್ಚುವುದಿಲ್ಲವೇ ಎಂದು ಕೇಳಿದೆ. "ಬೇಡ ಮಾರಾಯ್ರೆ, ಎಣ್ಣೆ ಬಿದ್ರೆ ಲೆಕ್ಕಕ್ಕಿಂತ ಹೆಚ್ಚು ಬಿಗಿ ಆಗಿ ಬೋಲ್ಟೇ ಎಳೀತದೆ" ಎಂದರು. ನಂತರ ಜಾಕನ್ನು ಇಳಿಸಿ, ಒಂದಾದ ಮೇಲೆ ಅದರ ಎದುರಿನದು ಎಂಬ ಕ್ರಮದಲ್ಲಿ, ಟಾರ್ಕ್ ವ್ರೆಂಚನ್ನು (ಇಟ್ಟ ಅಳತೆಯಷ್ಟು ಬಿಗಿಯಾದಾಗ ಸದ್ದು ಮಾಡುವ ಪಾನಾ; ಅಂಥ ಅಂಗಡಿಯಲ್ಲಿ ನಾನದನ್ನು ನಿರೀಕ್ಷಿಸಿರಲಿಲ್ಲ) 10 ಕೆಜಿ-ಮೀಟರಿಗೆ ಇಟ್ಟು, ಪ್ರತಿ ನಟ್ಟೂ 'ಟಕ್' ಎನ್ನುವವರೆಗೆ ಬಿಗಿದರು. ನನ್ನ ಹ್ಯುಂಡೈ ಕಾರಿನ ಕೈಪಿಡಿ ಹೇಳುವುದು 9ರಿಂದ 11. ಕೇಳದೆಯೇ ಉಳಿದ ಮೂರು ಚಕ್ರಗಳನ್ನೂ ನೋಡಿದರು.

ನಾನು ಕೊಟ್ಟ ಹಣದಲ್ಲಿ 50 ರೂಪಾಯಿ ಮಾತ್ರ ಇಟ್ಟುಕೊಂಡು, ಬಿ.ಸಿ. ರೋಡಿನಲ್ಲಿ ಮತ್ತೊಮ್ಮೆ ಪರೀಕ್ಷಿಸಿರೆಂದು ಹೇಳಿ ಕಳುಹಿಸಿದರು. ಅಲ್ಲಿ ಇಳಿದು ಪಾನಾ ಹಾಕಿ ನೋಡಿದೆ. ಒಂದೂ ಅಲುಗಿರಲಿಲ್ಲ, ಅಮ್ಮ ಹಿಂದಿನ ಸೀಟಿನಲ್ಲಿ ನಿದ್ದೆ ಹೋಗಿದ್ದರು.