ಭಾನುವಾರದ ಚಿತ್ರೀಕರಣ: ಪ್ರಶ್ನೆ ಕಳಿಸಿ

ಎಲ್ಲರಿಗೂ ನಮಸ್ಕಾರ. 1971ರ ಯುದ್ಧದ ಸಾಕ್ಷ್ಯಚಿತ್ರಕ್ಕೆ ನಮ್ಮ ಗುಂಪಿನ ನೌಕಾಪಡೆಯ ಹಿರಿಯರ ಮಾತನ್ನು ಈ ಭಾನುವಾರ ಬೆಳಿಗ್ಗೆ 10ಕ್ಕೆ ಚಿತ್ರೀಕರಿಸುತ್ತೇವೆ. ಪ್ರಶ್ನೆ ಇರುವವರು ಶುಕ್ರವಾರ ರಾತ್ರಿಯೊಳಗೆ ಇಲ್ಲೇ ಹಾಕಿ.

ಡಿಸೆಂಬರ್ 4ರ ರಾತ್ರಿ ನಿಪಾತ್, ನಿರ್ಘಾತ್, ವೀರ್ ದೋಣಿಗಳು ಕರಾಚಿಯತ್ತ ಕ್ಷಿಪಣಿ ಹಾರಿಸಿದ್ದು ಪುಸ್ತಕದಲ್ಲೇ ಸಿಗುತ್ತದೆ. ದೀಪ ಆರಿಸಿದ ಹಡಗಿನಲ್ಲಿ ಕಾವಲು ಹೇಗಿತ್ತು, ಎಂಜಿನ್ ಕೋಣೆಯ ಸೆಕೆ ಎಷ್ಟಿತ್ತು, ಮನೆಯ ಕಾಗದ ಯಾವಾಗ ಕೈಗೆ ಬರುತ್ತಿತ್ತು, ಇಂಥದ್ದು ಕೇಳಿ. ಇದನ್ನೆಲ್ಲ ಅಲ್ಲಿದ್ದವರೇ ಹೇಳಬೇಕು, ಅಲ್ವಾ?

ಡಿಸೆಂಬರ್ 9ರಂದು ದೀವ್ ಬಳಿ ಮುಳುಗಿದ ಖುಕ್ರಿ ಹಡಗಿನಲ್ಲಿ 18 ಅಧಿಕಾರಿಗಳು, 176 ನಾವಿಕರು ಹುತಾತ್ಮರಾದರು. ಆ ಮಾತನ್ನು ಅವರಾಗಿ ಎತ್ತಿದರೆ ಸುಮ್ನೆ ಕೇಳೋಣ, ದಯವಿಟ್ಟು ಯಾರೂ ಕೆದಕಬೇಡಿ.

ಬರುವವರು ಕೆಳಗೆ ಹೆಸರು ಹಾಕಿ. ಫೋನ್ ಸೈಲೆಂಟ್‌ನಲ್ಲಿರಲಿ.