ಆ ಅಪ್ಪ ಹೇಳಿದ್ದರಲ್ಲಿ ನೀನು ಬಿಟ್ಟ ಭಾಗ

ಪುಟ್ಟಿ,

ಸೆಕೆಂಡ್ ಪಿಯುಸಿ ಪರೀಕ್ಷೆ ಈ ವರ್ಷ ಬರೆಯಲ್ಲ, ಕಥೆ ಬರೀತೀನಿ ಅಂದೆ. ‘ವಿಸ್ಪರ್ ಆಫ್ ದ ಹಾರ್ಟ್’ ಅನ್ನೋ ಜಪಾನಿ ಅನಿಮೇಷನ್ ಚಿತ್ರದ ಅಪ್ಪನನ್ನು ನೋಡಿ ಕಲಿ ಅಂತಲೂ ಅಂದೆ. ಮಿಕ್ಕ ಮಾತು ಬೇಡ, ಆ ಅಪ್ಪನ ವಿಷಯಕ್ಕೇ ಬರ್ತೀನಿ.

ಆ ಅಪ್ಪನ ಮಗಳು ಶಿಝುಕುಗೆ ಹೈಸ್ಕೂಲ್ ಪ್ರವೇಶ ಪರೀಕ್ಷೆ ಎದುರಿಗಿದೆ. ಅವಳಿಗೆ ಇಷ್ಟವಾದ ಹುಡುಗ ಸೇಜಿ ಪಿಟೀಲು ಮಾಡೋದು ಕಲಿಯಲು ಇಟಲಿಯ ಕ್ರೆಮೋನಾಕ್ಕೆ ಹೋಗ್ತಾನೆ, ಸದ್ಯಕ್ಕೆ ಎರಡೇ ತಿಂಗಳು, ಕೈಗೆ ಹತ್ತುತ್ತದೋ ಇಲ್ಲವೋ ನೋಡಲು. ಅವನು ಬರುವಷ್ಟರಲ್ಲಿ ಕಥೆ ಮುಗಿಸೋದು ಇವಳ ಹಟ. ಪರೀಕ್ಷೆಯಲ್ಲಿ ಸ್ಥಾನ ನೂರು ಕೆಳಗಿಳಿಯಿತು. ಅಕ್ಕ ರೇಗಿದಳು. ಆಗ ಅಪ್ಪ ಕೂರಿಸಿ ಮಾತಾಡಿದ. ಅವಳು ಕೇಳಿದ್ದು ಇನ್ನು ಮೂರು ವಾರ. ಮೂರು ವಾರ, ಪುಟ್ಟಿ, ಒಂದು ವರ್ಷ ಅಲ್ಲ! ಅಪ್ಪ ಒಪ್ಪಿದ. ಒಪ್ಪಿ ಸುಮ್ಮನಾಗಲಿಲ್ಲ: ಎಲ್ಲರ ಹಾಗಲ್ಲದೆ ಬದುಕೋದು ಕಷ್ಟ, ಏನೇ ಆದರೂ ಬೇರೆಯವರ ಮೇಲೆ ಹಾಕೋಕಾಗಲ್ಲ ಅಂದ. ಅಮ್ಮ ಸೇರಿಸಿದ್ದು, ಊಟದ ಹೊತ್ತಿಗೆ ಬಂದು ಕೂರಬೇಕು ಅಂತ. ಇದು ನಿನಗೆ ಮರೆತೇಹೋಯಿತಾ? ನಿನ್ನ ತಟ್ಟೆ ಮುಚ್ಚಿಟ್ಟಿದೆ.

ಆಮೇಲಿನದನ್ನೂ ನೋಡು. ಮೊದಲ ಕರಡು ಓದಿ ಸೇಜಿಯ ತಾತ ನಿಶಿ ಅಜ್ಜ ಹೊಗಳಿ ಅಟ್ಟಕ್ಕೇರಿಸಲಿಲ್ಲ. ಒರಟಾಗಿದೆ, ಪೂರ್ತಿಯಾಗಿಲ್ಲ, ಆದರೂ ಚೆನ್ನಾಗಿದೆ, ಸೇಜಿಯ ಪಿಟೀಲಿನ ಹಾಗೆ ಅಂದರು. ಬಿಕ್ಕಿ ಅತ್ತವಳಿಗೆ ಬಿಸಿ ಉಡೋನ್ ನೂಡಲ್ಸ್ ಬಡಿಸಿದರು. ಬರೀ ಬರೆಯಬೇಕು ಅನ್ನೋ ಆಸೆ ಸಾಲದು, ಇನ್ನೂ ಓದಬೇಕು ಅಂತ ಅವಳಿಗೇ ಗೊತ್ತಾಯಿತು. ಮನೆಗೆ ಬಂದು ಅಮ್ಮನಿಗೆ ಹೇಳಿದ್ದು ಮತ್ತೆ ಪರೀಕ್ಷೆಗೆ ಓದ್ತೀನಿ ಅಂತ. ಕೊಂಡೊ ಯೋಶಿಫುಮಿ ನಿರ್ದೇಶಿಸಿದ ಒಂದೇ ಪೂರ್ಣ ಚಿತ್ರ ಅದು, 1995ರದ್ದು. ಕಥೆ ಬರೆದದ್ದೇ ಗೆಲುವು ಅಂತ ಅಲ್ಲಿಗೇ ಮುಗಿಸಬಹುದಿತ್ತು, ಮುಗಿಸಲಿಲ್ಲ.

ಸೇಜಿ ಅಂಥವನು ಯಾರಾದರೂ ಇದ್ದಾನಾ ಅಂತ ನಾನು ಕೇಳಲ್ಲ. ಲೈಬ್ರರಿ ಕಾರ್ಡುಗಳಲ್ಲಿ ಮತ್ತೆ ಮತ್ತೆ ಅವನ ಹೆಸರೇ ಸಿಗೋದು, ಅವನು ಯಾರಿರಬಹುದು ಅಂತ ಅವಳು ಯೋಚಿಸೋದು ನನಗೂ ಇಷ್ಟವೇ. ಆದರೆ ಕೊನೆಗೆ ಬೆಳಗಿನ ಜಾವ ಗುಡ್ಡದ ಮೇಲೆ ಮದುವೆಯ ಮಾತು! ಇನ್ನೂ ಹೈಸ್ಕೂಲಿಗೂ ಹೋಗದ ಮಕ್ಕಳು. ನಿನಗೂ ಅಂಥವನು ಇದ್ದರೆ ಅಮ್ಮನಿಗಾದರೂ ಹೇಳು.

ಗದರಿದ್ದು ಜೋರಾಯಿತು, ಬೇಜಾರು ಮಾಡ್ಕೋಬೇಡ. ಕಥೆಗೆ ಒಂದು ಕೊನೆ ದಿನ ಗೊತ್ತುಮಾಡಿ ಅಡುಗೆಮನೆ ಕ್ಯಾಲೆಂಡರಿನಲ್ಲಿ ಗುರುತು ಹಾಕು. ಅಲ್ಲಿಯವರೆಗೆ ಓದು ಅಂತ ಯಾರೂ ಬಾಗಿಲು ತಟ್ಟಲ್ಲ. ಪರೀಕ್ಷೆ ಫೀಸು ಮಾತ್ರ ಕಟ್ಟಿಬಿಡ್ತೀನಿ. ಬರೆದಾದ ಮೇಲೆ ಮೊದಲು ನನಗೆ ತೋರಿಸಬೇಡ, ಹೇಗಿದ್ದರೂ ಚೆನ್ನಾಗಿದೆ ಅಂದುಬಿಡ್ತೀನಿ. ನಿಮ್ಮ ಕನ್ನಡ ಮೇಷ್ಟ್ರಿಗೆ ಕೊಡು.

ಅಪ್ಪ